ಕಬ್ಬಿನ ಕಟ್ಟಿನ ಮುಂದೆ

ಆ ಪಟ್ಟಿ ಬರೆದವನು ನಾನೇ. ಯಲ್ಲಾಪುರ ಸೀಮೆಯ ಒಂದು ಸರಕಾರಿ ಶಾಲೆಯಲ್ಲಿ ಆಗ ಕನ್ನಡ ಕಲಿಸುತ್ತಿದ್ದೆ. ದೈಹಿಕ ಶಿಕ್ಷಕರ ಹುದ್ದೆ ಖಾಲಿ ಇತ್ತು. ತಾಲೂಕು ಕ್ರೀಡಾಕೂಟ, ಪ್ರತಿಭಾ ಕಾರಂಜಿ ಎರಡೂ ಹತ್ತಿರ ಹತ್ತಿರವೇ ಬಂದಿದ್ದರಿಂದ ಎರಡರ ಹೆಸರುಗಳನ್ನೂ ನಾನೇ ಬರೆದುಕೊಳ್ಳಬೇಕಾಯಿತು. ರಿಲೇಗೆ ನಾಲ್ಕು ಹುಡುಗಿಯರು ಬೇಕಿತ್ತು. ಏಳನೇ ತರಗತಿಯ ಬಾಗಿಲಲ್ಲಿ ನಿಂತು ಒಳಗೆ ಒಮ್ಮೆ ಕಣ್ಣು ಹಾಯಿಸಿದೆ, ನಾಲ್ಕು ಸಿದ್ದಿ ಹುಡುಗಿಯರ ಹೆಸರು ಬರೆದೆ. ಒಬ್ಬಳನ್ನೂ ಓಡಿಸಿ ನೋಡಿರಲಿಲ್ಲ.

ಅವರಲ್ಲಿ ಒಬ್ಬಳು ಮಧ್ಯಾಹ್ನ ಊಟದ ತಟ್ಟೆ ತೊಳೆದುಕೊಂಡು ಬಂದು ಮೇಜಿನ ಹತ್ತಿರ ನಿಂತಳು. ಕೈ ಇನ್ನೂ ಒದ್ದೆಯಾಗಿತ್ತು. "ಸರ್, ನನ್ ಹೆಸ್ರು ಕಂಠಪಾಠಕ್ಕೆ ಬರ್ಕೊಳ್ರಿ" ಎಂದಳು. "ಅದನ್ನ ಆಮೇಲೆ ನೋಡೋಣ. ನಿಂದು ರಿಲೇ, ಮತ್ತೆ ನಾನೂರು ಮೀಟರು. ಓಟದಲ್ಲಿ ನಿಮ್ಮವರ ಮುಂದೆ ಯಾರು ನಿಲ್ತಾರೆ?" ಎಂದೆ. ಹೊಗಳಿದ್ದೇನೆಂದೇ ನನ್ನ ಭಾವನೆ. ಅವಳು ಏನೂ ಹೇಳಲಿಲ್ಲ. ಒದ್ದೆ ಕೈಯನ್ನು ಲಂಗಕ್ಕೆ ಒರೆಸಿಕೊಂಡು ಹೋದಳು.

ಕ್ರೀಡಾಕೂಟದ ದಿನ ನಮ್ಮ ಮಕ್ಕಳು ಮೈದಾನಕ್ಕೆ ಇಳಿಯುತ್ತಿದ್ದಂತೆ ಬೇಲಿಯ ಆಚೆಯಿಂದ "ಏ ಆಫ್ರಿಕಾ!" ಎಂದು ಯಾರೋ ಕೂಗಿದರು. ನಗು ಎದ್ದಿತು. ಬೇರೆ ಶಾಲೆಯ ಮಾಸ್ತರರೊಬ್ಬರು ನನ್ನ ಹೆಗಲ ಮೇಲೆ ಕೈಯಿಟ್ಟು, "ಹೊರದೇಶದಿಂದ ಕರ್ಕೊಂಡು ಬಂದೀರೇನು? ಇದು ನ್ಯಾಯ ಅಲ್ಲ ಬಿಡಿ" ಎಂದರು. ನನಗೆ ಸಿಟ್ಟು ನೆತ್ತಿಗೇರಿತು. ಅವರೊಡನೆ ಜೋರಾಗಿಯೇ ಜಗಳಾಡಿದೆ. ಈ ಮಕ್ಕಳ ಅಜ್ಜನ ಅಜ್ಜ ಇದೇ ಕಾಡಿನಲ್ಲಿ ಹುಟ್ಟಿದವನು, ನಿಮ್ಮ ಅಜ್ಜ ಈ ಘಟ್ಟ ಹತ್ತಿದ್ದು ಯಾವಾಗ ಎಂದು ಕೇಳಿದೆ. ಮಕ್ಕಳ ಪರ ನಿಂತೆನೆಂಬ ಸಮಾಧಾನ ನನಗಿತ್ತು. ನಾನೂರು ಮೀಟರಿನಲ್ಲಿ ಆ ಹುಡುಗಿ ಐದನೆಯವಳಾಗಿ ಬಂದಳು.

ಈ ಪ್ರಕರಣ ಇಷ್ಟೇ, ಸಣ್ಣದು. ಆದರೆ ಇದರ ಹಿಂದೆ ಇದೇ ಸೀಮೆಯಲ್ಲಿ ನಡೆದ ಒಂದು ದೊಡ್ಡ ಪ್ರಕರಣವಿದೆ. ಅದನ್ನು ಓದಿದ ಮೇಲೆಯೇ ನನ್ನ ಪಟ್ಟಿ ನನಗೆ ಅರ್ಥವಾದದ್ದು.

ಭಾರತೀಯ ಕ್ರೀಡಾ ಪ್ರಾಧಿಕಾರ, ನಾವು ಸಾಯ್ ಎನ್ನುವುದು, ಹುಟ್ಟಿದ್ದು 1984ರಲ್ಲಿ. 1986ರ ಸೋಲ್ ಏಷ್ಯನ್ ಕ್ರೀಡಾಕೂಟದಲ್ಲಿ ಪಿ.ಟಿ. ಉಷಾ ನಾಲ್ಕು ಚಿನ್ನ ಗೆದ್ದಾಗ ದೇಶಕ್ಕೆ ಪದಕದ ರುಚಿ ಹತ್ತಿತು. ಇಂಥ ಮಕ್ಕಳು ಇನ್ನೆಲ್ಲಿದ್ದಾರೆ ಎಂಬ ಹುಡುಕಾಟ ಶುರುವಾಯಿತು. ವಿಶೇಷ ಪ್ರದೇಶ ಕ್ರೀಡಾ ಯೋಜನೆ ಇದರದೇ ಭಾಗ: ಬಿಲ್ಲುಗಾರಿಕೆಗೆ ಬುಡಕಟ್ಟಿನ ಮಕ್ಕಳು, ಈಜಿಗೆ ಕಡಲತೀರದ ಮಕ್ಕಳು, ಹೀಗೆ. ರಾಜಸ್ಥಾನದ ಲಿಂಬಾ ರಾಮ್ ಈ ದಾರಿಯಲ್ಲೇ ಬೆಳಕಿಗೆ ಬಂದರು. 1987ರ ಸುಮಾರಿಗೆ ಕೇಂದ್ರದಲ್ಲಿ ಕ್ರೀಡಾ ಖಾತೆಯ ರಾಜ್ಯ ಸಚಿವೆಯಾಗಿದ್ದವರು ನಮ್ಮ ಕರ್ನಾಟಕದವರೇ ಆದ ಮಾರ್ಗರೆಟ್ ಆಳ್ವ. ಅವರ ಕಣ್ಣು ಸಿದ್ದಿಗಳ ಮೇಲೆ ಬಿತ್ತು. ಆಫ್ರಿಕಾ ಮೂಲದವರು ಜಗತ್ತಿನ ಓಟದ ಟ್ರ್ಯಾಕನ್ನೇ ಆಳುತ್ತಿರುವಾಗ ಅದೇ ಮೂಲದವರು ನಮ್ಮ ಕಾಡಿನಲ್ಲೇ ಇದ್ದಾರಲ್ಲ ಎಂಬುದು ಲೆಕ್ಕಾಚಾರ. ಉತ್ತರ ಕನ್ನಡದ ಹಳ್ಳಿಗಳಿಂದ, ಗುಜರಾತಿನ ಸಿದ್ದಿ ನೆಲೆಗಳಿಂದ ಮಕ್ಕಳನ್ನು ಆರಿಸಿ ಹಾಸ್ಟೆಲುಗಳಿಗೆ ಸೇರಿಸಿದರು.

ಆ ಉದ್ದೇಶವನ್ನು ನಾನು ಹಗುರವಾಗಿ ಕಾಣಲಾರೆ. ಶತಮಾನಗಳ ಕಾಲ ಯಾರೂ ಹೆಸರು ಹಿಡಿದು ಕರೆಯದ ಮಕ್ಕಳನ್ನು ಒಂದು ಸರಕಾರ ಹುಡುಕಿಕೊಂಡು ಹೋಯಿತು. ಹೊಟ್ಟೆ ತುಂಬ ಊಟ, ಕಾಲಿಗೆ ಬೂಟು, ಬೆನ್ನ ಹಿಂದೆ ಕೋಚು. ಕಮಲಾ ಸಿದ್ದಿ, ಫಿಲಿಪ್ ಆಂಟೋನಿ ಸಿದ್ದಿ, ಜೂಜೆ ಜಾಕಿ ಹಾರ್ನೋಡ್ಕರ್ ಮುಂತಾದವರು ಆ ತಂಡದಿಂದಲೇ ಮೇಲೆ ಬಂದರು. ಒಂದು ಜನಾಂಗಕ್ಕೆ ತನ್ನದೆಂದು ಹೇಳಿಕೊಳ್ಳಲು ಕ್ರೀಡಾಪಟುಗಳು ಸಿಕ್ಕರು. ಆದರೆ 1993ರಲ್ಲಿ ಸಿದ್ದಿಗಳ ತರಬೇತಿ ನಿಂತುಹೋಯಿತು. ಕೆಲವರಿಗೆ ಆಟದ ಕೋಟಾದಲ್ಲಿ ನೌಕರಿ ಸಿಕ್ಕಿತು. ಉಳಿದವರು ಬಂದ ದಾರಿಯಲ್ಲೇ ತಮ್ಮ ಹಳ್ಳಿಗೆ, ಕೂಲಿಗೆ, ಅಡಿಕೆ ತೋಟದ ಕೆಲಸಕ್ಕೆ ಮರಳಿದರು.

ರಕ್ತದಲ್ಲೇ ಓಟವಿದ್ದಿದ್ದರೆ ಹಾಸ್ಟೆಲಿನ ಬಾಗಿಲು ಮುಚ್ಚಿದ ಮಾತ್ರಕ್ಕೆ ಅದು ಎಲ್ಲಿ ಹೋಯಿತು? ಪದಕ ತಂದದ್ದು ದಿನವೂ ಸಿಕ್ಕ ಹಾಲು, ಮೊಟ್ಟೆ, ನಸುಕಿನ ಐದು ಗಂಟೆಯ ಸೀಟಿ, ನೋವಾದ ಕಾಲಿಗೆ ಎಣ್ಣೆ ತಿಕ್ಕಿದ ಕೈ. ಅವು ನಿಂತವು, ಓಟವೂ ನಿಂತಿತು. ಇದು ಯಾವ ಮಕ್ಕಳ ವಿಷಯದಲ್ಲೂ ನಿಜವೇ. ಹವ್ಯಕರ ಹುಡುಗ ಅಭ್ಯಾಸ ಬಿಟ್ಟರೆ ಅವನೂ ಹಿಂದೆ ಬೀಳುತ್ತಾನೆ. ಆದರೆ ಅವನು ಗೆದ್ದಾಗ ಯಾರೂ ಅವನ ಮೂಲದ ಮಾತೆತ್ತುವುದಿಲ್ಲ. ಸಿದ್ದಿ ಹುಡುಗ ಗೆದ್ದರೆ "ಅವರಿಗೇನು ಬಿಡಿ, ರಕ್ತದಲ್ಲೇ ಐತಿ" ಎನ್ನುತ್ತೇವೆ. ಅವನು ಬೆವರು ಸುರಿಸಿದ್ದನ್ನು ಒಂದು ಮಾತಿನಲ್ಲಿ ಕಿತ್ತುಕೊಳ್ಳುತ್ತೇವೆ. ಸೋತರೆ "ಸಿದ್ದಿ ಆಗಿಯೂ ಓಡಲಾರ" ಎನ್ನುತ್ತೇವೆ. ಗೆಲುವು ಜಾತಿಯದು, ಸೋಲು ಮಾತ್ರ ಅವನದು. ಬೈಗುಳಕ್ಕಾದರೆ ತಿರುಗಿ ಬೈಯಬಹುದು. ಈ ಹೊಗಳಿಕೆಗೆ ಹನ್ನೆರಡು ವರ್ಷದ ಹುಡುಗಿ ಏನೆಂದು ಉತ್ತರ ಕೊಡಬೇಕು?

ಸಿದ್ದಿಗಳು ಬಂದ ದಾರಿ ನೆನೆದರೆ ಈ ಮಾತು ಇನ್ನೂ ಕಹಿಯಾಗುತ್ತದೆ. ಪೋರ್ಚುಗೀಸರು, ಅರಬ್ ವ್ಯಾಪಾರಿಗಳು ಹದಿನಾರನೇ ಶತಮಾನದಿಂದಾಚೆಗೆ ಪೂರ್ವ ಆಫ್ರಿಕಾದ ಜನರನ್ನು ಗುಲಾಮರಾಗಿ ಗೋವೆಗೂ ಪಶ್ಚಿಮ ಕರಾವಳಿಗೂ ತಂದರು. ತಪ್ಪಿಸಿಕೊಂಡವರು, ಬಿಡುಗಡೆಯಾದವರು ಘಟ್ಟದ ಕಾಡು ಸೇರಿದರು: ಯಲ್ಲಾಪುರ, ಹಳಿಯಾಳ, ಮುಂಡಗೋಡ, ಜೋಯಿಡಾ, ಅಂಕೋಲಾ, ಆಚೆ ಕಲಘಟಗಿ, ಖಾನಾಪುರ. 2011ರಲ್ಲಿ ಪ್ರಕಟವಾದ ವಂಶವಾಹಿ ಅಧ್ಯಯನಗಳು ಅವರ ಮೂಲವನ್ನು ಬಂಟು ಭಾಷೆಗಳನ್ನಾಡುವ ಆಫ್ರಿಕನ್ನರಲ್ಲಿ ಗುರುತಿಸಿದವು. ಜೊತೆಗೆ ಈ ನೆಲದ ಜನರ ರಕ್ತವೂ ಅವರಲ್ಲಿ ಬೆರೆತಿದೆ ಎಂದವು. ಅವರಲ್ಲಿ ಹಿಂದೂಗಳಿದ್ದಾರೆ, ಕ್ರೈಸ್ತರಿದ್ದಾರೆ, ಮುಸಲ್ಮಾನರಿದ್ದಾರೆ. ಮನೆಯೊಳಗೆ ಕೊಂಕಣಿ, ಮರಾಠಿ, ಕನ್ನಡ ಕಲೆತ ಮಾತು, ಶಾಲೆಯಲ್ಲಿ ಕನ್ನಡ. ಹಬ್ಬದಲ್ಲಿ ಡಮಾಮಿ ಬಾರಿಸುತ್ತಾರೆ. ಹೆಂಗಸರು ಹಳೇ ಸೀರೆ, ಅಂಗಿಗಳ ತುಂಡುಗಳನ್ನು ಜೋಡಿಸಿ ಕೌದಿ ಹೊಲಿಯುತ್ತಾರೆ. ಅಂಚಿನಿಂದ ಶುರುಮಾಡಿ ಸುತ್ತುತ್ತ ಸುತ್ತುತ್ತ ನಡುವಿಗೆ ಬರುವ ಹೊಲಿಗೆ ಅದು. ಮೂಲೆಗಳಿಗೆ ಮಡಿಸಿದ ಬಟ್ಟೆಯ ಹೂವು. ನಡುವಿನ ಕೊನೆಯ ಜಾಗ ಮುಚ್ಚುವ ಮುನ್ನ ಕೆಲವರು ಒಂದೆರಡು ಅಕ್ಕಿಕಾಳು ಒಳಗಿಡುವುದುಂಟು, ಕೌದಿಯ ಹೊಟ್ಟೆಯೂ ತುಂಬಿರಲಿ ಎಂದು. 1980ರ ದಶಕದಲ್ಲಿ ನೀನಾಸಂನವರು ಮಂಚಿಕೇರಿಯ ಸಿದ್ದಿಗಳ ಜೊತೆ ನಾಟಕ ಕಟ್ಟಿದಾಗ ರಂಗದ ಮೇಲೂ ಅವರು ನಿಂತರು. ಇಷ್ಟೆಲ್ಲ ಇರುವ ಜನರನ್ನು ನಾವು ನೋಡುವುದು ಎರಡು ಕಾಲಾಗಿ.

2003ರಲ್ಲಿ ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದರು. 2020ರಲ್ಲಿ ಶಾಂತಾರಾಮ ಸಿದ್ದಿ ವಿಧಾನ ಪರಿಷತ್ತಿಗೆ ನಾಮನಿರ್ದೇಶನಗೊಂಡರು, ಆ ಸಮುದಾಯದಿಂದ ಮೊದಲಿಗರು. ಆದರೂ ಹುಬ್ಬಳ್ಳಿಯಲ್ಲೋ ಬೆಂಗಳೂರಲ್ಲೋ ಸಿದ್ದಿ ಯುವಕ ಬಸ್ಸು ಹತ್ತಿದರೆ ಕಂಡಕ್ಟರ್ ಮೊದಲು ಇಂಗ್ಲಿಷಿನಲ್ಲಿ ಮಾತಾಡಿಸುತ್ತಾನೆ. ಅವನು ಅಚ್ಚ ಕನ್ನಡದಲ್ಲಿ ಟಿಕೀಟು ಕೇಳಿದಾಗ ಸುತ್ತಲಿನವರು ತಿರುಗಿ ನೋಡುತ್ತಾರೆ. ಕನ್ನಡ ಕಲಿತ ವಿದೇಶಿಯನ್ನು ಕಂಡಂತೆ ಖುಷಿಪಡುತ್ತಾರೆ. ಆ ಖುಷಿ ಅವನಿಗೆ ಎಷ್ಟು ಸಲ ಚುಚ್ಚಿರಬಹುದು!

ಇಲ್ಲಿ ಇನ್ನೊಂದು ಓಟ ನೆನಪಾಗುತ್ತದೆ. 2020ರ ಫೆಬ್ರವರಿ 1ರಂದು ಐಕಳದ ಕಂಬಳದಲ್ಲಿ ಶ್ರೀನಿವಾಸ ಗೌಡರು ಕೋಣಗಳ ಹಿಂದೆ 142.5 ಮೀಟರನ್ನು 13.62 ಸೆಕೆಂಡಿನಲ್ಲಿ ಓಡಿದರು. ನೂರು ಮೀಟರಿಗೆ 9.55 ಸೆಕೆಂಡು ಎಂದು ಲೆಕ್ಕ ಹಾಕಿ ಉಸೇನ್ ಬೋಲ್ಟ್ ಜೊತೆ ಹೋಲಿಸಿದರು. ದೆಹಲಿಯಿಂದ ಸಚಿವರೇ ಸಾಯ್ ಟ್ರಯಲ್ಸಿಗೆ ಕರೆದರು. ಗೌಡರು ವಿನಯದಿಂದಲೇ ಒಲ್ಲೆ ಎಂದರು, ನನ್ನ ಆಟ ಕಂಬಳ ಎಂದರು. ನಾಡು ಅದನ್ನು ಮೆಚ್ಚಿಕೊಂಡಿತು. ಅವರು ಯಾವ ಮೂಲದವರು ಎಂದು ಯಾರೂ ಕೆದಕಲಿಲ್ಲ. ಆ ವೇಗ ಅವರ ಕಾಲಿನದು, ಅವರ ಅಭ್ಯಾಸದ್ದು, ಕೋಣಗಳದ್ದು. ಸಾಯ್ ಕರೆದಾಗ ಬೇಡ ಎನ್ನುವ ಸ್ವಾತಂತ್ರ್ಯವನ್ನು ನಾವು ಅವರಿಗೆ ಸಂತೋಷದಿಂದ ಕೊಟ್ಟೆವು. ನನ್ನ ಮೇಜಿನ ಮುಂದೆ ಒದ್ದೆ ಕೈಯಲ್ಲಿ ನಿಂತವಳಿಗೆ ನಾನು ಕೊಡಲಿಲ್ಲ.

ಶಾಲೆಯ ಆ ಘಟನೆಯಾಗಿ ಕೆಲವು ವರ್ಷಗಳ ನಂತರ ಒಂದು ಪೊಂಗಲ್ ಹೊತ್ತಿಗೆ ತಮಿಳುನಾಡಿನ ಕಂಬಂಗೆ ಹೋಗಿದ್ದೆ. ದಿಂಡಿಗಲ್ ದಾಟಿ ತೇಣಿಯ ಮೇಲೆ ಹೋಗುವಾಗ ಎರಡೂ ಕಡೆ ಬೆಟ್ಟದ ಸಾಲು ಹತ್ತಿರವಾಗುತ್ತ ಬರುತ್ತದೆ. ನಡುವೆ ಕಂಬಂ ಕಣಿವೆ. ಗದ್ದೆ, ತೆಂಗು, ಬಾಳೆ, ಚಪ್ಪರದ ತುಂಬ ಪನ್ನೀರ್ ದ್ರಾಕ್ಷಿ. 1895ರಲ್ಲಿ ಮುಲ್ಲಪೆರಿಯಾರ್ ಅಣೆಕಟ್ಟು ಕಟ್ಟಿ ಪೆರಿಯಾರಿನ ನೀರನ್ನು ಬೆಟ್ಟ ಕೊರೆದು ಈಚೆ ಹರಿಸಿದ ಬ್ರಿಟಿಷ್ ಎಂಜಿನಿಯರ್ ಪೆನ್ನಿಕ್ವಿಕ್‌ನ ಚಿತ್ರವನ್ನು ಅಲ್ಲಿನ ರೈತರು ದೇವರ ಪಟದ ಪಕ್ಕ ಇಟ್ಟುಕೊಂಡಿದ್ದಾರೆ.

ನಾನು ಹೋದದ್ದು ಕನ್ನಡದ ಬೆನ್ನು ಹಿಡಿದು. ಆ ಕಣಿವೆಯಲ್ಲಿ ಕನ್ನಡ ಮನೆಮಾತಿನ ಒಕ್ಕಲಿಗರಿದ್ದಾರೆ. ತಮಿಳರು ಅವರನ್ನು ಕಪ್ಪಿಲಿಯರ್ ಎನ್ನುತ್ತಾರೆ. ಕನ್ನಡ ಮೂಲದ ಅನುಪ್ಪರೂ ಇದ್ದಾರೆ. ಶತಮಾನಗಳ ಹಿಂದೆ ಕನ್ನಡ ನಾಡಿನಿಂದ ಇಳಿದು ಬಂದವರು. ಸಿದ್ದಿಗಳು ನಮ್ಮ ಘಟ್ಟ ಹತ್ತಿದರೆ, ನಮ್ಮವರು ಆ ಘಟ್ಟದ ಬುಡಕ್ಕೆ ಇಳಿದರು. ಅಲ್ಲಿ ಹೊರಗಿನವರು ನಾವು.

ಕಂಬಂನಲ್ಲಿ ಆ ಒಕ್ಕಲಿಗರ ದೊಡ್ಡಿಯೊಂದಿದೆ, ತಂಬಿರಾನ್ ಮಾಡು ತೊಳು ಎಂದು ಹೆಸರು. ದೇವರ ದನಗಳ ಮಂದೆ. 1906ರಲ್ಲಿ ಡಬ್ಲ್ಯು. ಫ್ರಾನ್ಸಿಸ್ ಬರೆದ ಮದುರೆ ಜಿಲ್ಲೆಯ ಗೆಜೆಟಿಯರಿನಲ್ಲಿ ಈ ಮಂದೆಯ ಹೆಸರು ಕನ್ನಡದಲ್ಲೇ ದಾಖಲಾಗಿದೆ: ದೇವರು ಆವು. ಹಳಗನ್ನಡದ ಆವು ಎಂಬ ಮಾತು, ನಮ್ಮಲ್ಲಿ ಹೆಚ್ಚಾಗಿ ಪುಸ್ತಕದಲ್ಲಿ ಉಳಿದದ್ದು, ಅಲ್ಲಿ ಸಗಣಿಯ ವಾಸನೆಯ ನಡುವೆ ಬದುಕಿತ್ತು. ಮಾಟ್ಟು ಪೊಂಗಲಿನ ದಿನ ಜನ ಸಾಲುಗಟ್ಟಿ ಬರುತ್ತಾರೆ. ಬಾಳೆಹಣ್ಣು, ಅಕ್ಕಿ, ಬೆಲ್ಲ, ಕಬ್ಬು ಹಿಡಿದು ನಿಂತವರಲ್ಲಿ ಕನ್ನಡ ಮೂಲದವರು ಯಾರು, ತಮಿಳರು ಯಾರು ಎಂದು ನನಗೆ ತಿಳಿಯಲಿಲ್ಲ. ಪಕ್ಕದಲ್ಲಿದ್ದ ಹಿರಿಯರೊಬ್ಬರು ನನ್ನ ಕನ್ನಡ ಕೇಳಿ ಮುಖ ಅರಳಿಸಿ, ತಮಿಳು ಬೆರೆತ ಕನ್ನಡದಲ್ಲಿ ಯಾವ ಊರು ಎಂದು ವಿಚಾರಿಸಿದರು. ನಾನು ಹೇಳಿದೆ. ಇಲ್ಲಿನವರು ನಿಮ್ಮನ್ನು ಎಲ್ಲಿಂದ ಬಂದವರು ಎಂದು ಕೇಳುತ್ತಾರೆಯೇ ಎಂದು ನಾನು ಕೇಳಿದೆ. ಅವರಿಗೆ ಪ್ರಶ್ನೆಯೇ ಅರ್ಥವಾಗಲಿಲ್ಲ. ಎರಡನೇ ಸಲ ಕೇಳಿದೆ. ಯಾರು, ಯಾಕೆ ಕೇಳಬೇಕು ಎಂಬಂತೆ ನನ್ನನ್ನೇ ನೋಡಿದರು.

ಅದು ನನ್ನೊಳಗೆ ಬಹಳ ದಿನ ಉಳಿಯಿತು. ಬಂದವರು ಈ ಒಕ್ಕಲಿಗರೂ ಹೌದು, ಸಿದ್ದಿಗಳೂ ಹೌದು. ಶತಮಾನಗಳ ಲೆಕ್ಕ ಇಬ್ಬರದೂ ಇದೆ. ಒಕ್ಕಲಿಗರಲ್ಲಿ ಮನೆಯ ಮಾತು ಇವತ್ತಿಗೂ ಬೇರೆ, ದೇವರ ದನದ ಹೆಸರೂ ಬೇರೆ. ಆದರೂ ಬಂದವರೆಂಬ ಗುರುತು ಸವೆದುಹೋಗಿದೆ. ಸಿದ್ದಿಗಳಲ್ಲಿ ಮೂಲದ ಭಾಷೆ ಬಹುಪಾಲು ಹೋಯಿತು, ದೇವರು ಇಲ್ಲಿಯವೇ ಆದವು, ಊಟ ಇಲ್ಲಿಯದೇ ಆಯಿತು, ಗುರುತು ಮಾತ್ರ ಸವೆಯಲಿಲ್ಲ. ಹೊರಗಿನವರು ಯಾರು ಎಂಬುದನ್ನು ನಾವು ಕಾಲದಿಂದಲೂ ಅಳೆಯುವುದಿಲ್ಲ, ಭಾಷೆಯಿಂದಲೂ ಅಳೆಯುವುದಿಲ್ಲ, ಚರ್ಮದಿಂದ ಮತ್ತು ಕೂದಲಿನಿಂದ ಅಳೆಯುತ್ತೇವೆ. ಒಂದು ಮಾತನ್ನು ಮುಚ್ಚಿಡಬಾರದು: ಕಂಬಂಗೆ ಹೋದವರ ಕೈಯಲ್ಲಿ ದನವಿತ್ತು, ಸಿಕ್ಕ ನೆಲವಿತ್ತು, ಜಾತಿಯ ಏಣಿಯಲ್ಲಿ ಕಾಲಿಡಲು ಒಂದು ಮೆಟ್ಟಿಲಿತ್ತು. ಸಿದ್ದಿಗಳು ಬಂದದ್ದು ಸಂಕೋಲೆಯಲ್ಲಿ. ನೆಲವಿದ್ದವನ ಮೂಲ ಬೇಗ ಮರೆತುಹೋಗುತ್ತದೆ.

ಆದರೆ ಚರ್ಮದ ಅಳತೆ ಸಿದ್ದಿಗಳ ಬಳಿ ನಿಲ್ಲುವುದೂ ಇಲ್ಲ. ತಮಿಳುನಾಡಿನ ಅಭಿನವ್ ಮುಕುಂದ್ ಭಾರತಕ್ಕೆ ಟೆಸ್ಟ್ ಆಡಿದವರು. ಚಿಕ್ಕಂದಿನಿಂದ ತಮ್ಮ ಮೈಬಣ್ಣದ ಬಗ್ಗೆ ಕೇಳಿದ ಮಾತುಗಳನ್ನು ಅವರು 2017ರಲ್ಲಿ ಬಹಿರಂಗವಾಗಿ ಬರೆದರು. ಬಿಸಿಲಿನಲ್ಲಿ ದಿನವಿಡೀ ಆಡುವವನ ಮೈ ಕಪ್ಪಾಗದೆ ಇನ್ನೇನಾದೀತು? 2021ರಲ್ಲಿ ಮಾಜಿ ಕ್ರಿಕೆಟಿಗ ಲಕ್ಷ್ಮಣ್ ಶಿವರಾಮಕೃಷ್ಣನ್ ತಮ್ಮ ದೇಶದಲ್ಲೇ ಬಣ್ಣದ ಕಾರಣಕ್ಕೆ ಅವಮಾನ ಉಂಡೆ ಎಂದರು. ನಮ್ಮ ದೊಡ್ಡ ಗಣೇಶ್ ಕೂಡ ಆಟದ ದಿನಗಳಲ್ಲಿ ಅಂಥ ಮಾತು ಕೇಳಿದ್ದನ್ನು ಹೇಳಿಕೊಂಡರು. ಕಂಬಂ ಕಣಿವೆಯಿಂದ ಘಟ್ಟ ದಾಟಿದರೆ ಕೇರಳ. ಅಲ್ಲಿ ಮಲಪ್ಪುರಂ ಕಡೆ ಸೆವೆನ್ಸ್ ಫುಟ್‌ಬಾಲಿನ ಹುಚ್ಚು. ಅದಕ್ಕಾಗಿ ಆಫ್ರಿಕಾದಿಂದ ಆಟಗಾರರನ್ನು ಕರೆಸಿ ತಲೆಯ ಮೇಲೆ ಹೊತ್ತು ಮೆರೆಸುತ್ತಾರೆ. 2024ರ ಮಾರ್ಚಿನಲ್ಲಿ ಅರೀಕೋಡಿನಲ್ಲಿ ಐವರಿ ಕೋಸ್ಟಿನ ಒಬ್ಬ ಆಟಗಾರನನ್ನು ಪ್ರೇಕ್ಷಕರೇ ಅಟ್ಟಾಡಿಸಿ ಹೊಡೆದರು. ತನ್ನನ್ನು ಬಣ್ಣದ ಹೆಸರಲ್ಲಿ ನಿಂದಿಸಿದರು ಎಂದು ಅವನು ಪೊಲೀಸರಿಗೆ ದೂರು ಕೊಟ್ಟ. ಗೋಲು ಹೊಡೆದಾಗ ಕುಣಿದದ್ದೂ ಅಂಥದೇ ಜನ. 2016ರಲ್ಲಿ ನಮ್ಮ ಬೆಂಗಳೂರಿನಲ್ಲಿ ತಾಂಜಾನಿಯಾದ ವಿದ್ಯಾರ್ಥಿನಿಯ ಮೇಲೆ ಗುಂಪು ಬಿದ್ದಾಗ ಅವಳು ಮಾಡಿದ ತಪ್ಪು ಏನೂ ಇರಲಿಲ್ಲ. ಬೇರೆ ಯಾರೋ ಆಫ್ರಿಕನ್ ಮಾಡಿದ ಅಪಘಾತಕ್ಕೆ ಅವಳು ಸಿಕ್ಕಿದಳು. ನಾಲ್ಕು ಹುಡುಗಿಯರನ್ನು ಒಂದೇ ನೋಟಕ್ಕೆ ಓಟಗಾರ್ತಿಯರೆಂದು ನಾನು ಎಣಿಸಿದ್ದಕ್ಕೂ, ಒಬ್ಬನ ತಪ್ಪಿಗೆ ಇನ್ನೊಬ್ಬಳನ್ನು ಹಿಡಿದ ಆ ಗುಂಪಿಗೂ ನಡುವೆ ದೂರ ಬಹಳ ಇದೆ. ಆದರೆ ದಾರಿ ಒಂದೇ ಎಂಬುದು ನನ್ನನ್ನು ಹೆದರಿಸುತ್ತದೆ.

ಗೆಜೆಟಿಯರಿನಲ್ಲಿರುವ ಇನ್ನೊಂದು ಸಂಗತಿ ಹೇಳಬೇಕು. ದೇವರ ಮಂದೆಗೆ ಒಂದು ಅರಸು ಹೋರಿ ಇರುತ್ತದೆ, ಪಟ್ಟದ ಆವು. ಅದು ಸತ್ತರೆ ಹೊಸ ಅರಸನನ್ನು ಆರಿಸಬೇಕು. ಒಳ್ಳೆಯ ದಿನ ನೋಡಿ ಮಂದೆಯನ್ನೆಲ್ಲ ಕೂಡಿಸುತ್ತಾರೆ. ಅದರ ಮುಂದೆ ಕರ್ಪೂರ, ಬಾಳೆಹಣ್ಣು ಇಟ್ಟು ಒಂದು ಕಟ್ಟು ಕಬ್ಬನ್ನೂ ಇಡುತ್ತಾರೆ. ಆಮೇಲೆ ಜನ ಸುಮ್ಮನೆ ನಿಂತು ನೋಡುತ್ತಾರೆ. ಯಾವುದು ತಾನಾಗಿ ಮುಂದೆ ಬಂದು ಮೊದಲು ಕಬ್ಬಿಗೆ ಬಾಯಿ ಹಾಕುತ್ತದೋ ಅದಕ್ಕೇ ಪಟ್ಟ. ಅರಿಸಿನ ಬಳಿದು, ಹೂವಿನ ಹಾರ ಹಾಕಿ, ನಂದಗೋಪಾಲಸ್ವಾಮಿ ಎಂದು ಹೆಸರಿಟ್ಟು ಮೆರವಣಿಗೆ ಮಾಡುತ್ತಾರೆ. ಕೊಂಬಿನ ಅಳತೆ, ಮೈಬಣ್ಣ, ಯಾವ ತಾಯಿಯ ಕರು ಎಂಬ ವಿಚಾರಣೆ ಇಲ್ಲ.

ದನಕ್ಕೆ ಇಷ್ಟು ತಾಳ್ಮೆ ತೋರಿದವರು ನಮ್ಮ ಮಾತಾಡುವ ಜನ ಎಂದು ದೊಡ್ಡಿಯ ಬೇಲಿ ಹಿಡಿದು ನಿಂತಾಗ ನನಗೆ ಹೆಮ್ಮೆಯಾಯಿತು. ಹೆಮ್ಮೆಯ ಹಿಂದೆಯೇ ನನ್ನ ಶಾಲೆಯ ಬಾಗಿಲು ಕಣ್ಣಿಗೆ ಬಂತು.

ಮುಂಡಗೋಡಿನಲ್ಲಿ ಈಗ ಬ್ರಿಡ್ಜಸ್ ಆಫ್ ಸ್ಪೋರ್ಟ್ಸ್ ಎಂಬ ಸಂಸ್ಥೆ ಮಕ್ಕಳಿಗೆ ಓಟದ ತರಬೇತಿ ಕೊಡುತ್ತಿದೆ, ಸಿದ್ದಿ ಮಕ್ಕಳೂ ಅಲ್ಲಿ ಓಡುತ್ತಾರೆ. ಓಡಲು ಬಯಸುವ ಸಿದ್ದಿ ಹುಡುಗನಿಗೆ ಮೈದಾನ, ಬೂಟು, ಕೋಚು ಸಿಗಲೇಬೇಕು, 1993ರಲ್ಲಿ ಆದಂತೆ ಅರ್ಧದಲ್ಲಿ ಕೈಬಿಡಬಾರದು. ಗಡಿಯಾರ ನೋಡಿ ಆರಿಸಲಿ, ಮುಖ ನೋಡಿ ಬೇಡ. ಗಣಿತ ಬಯಸುವವಳಿಗೆ ಗಣಿತದ ಮಾಸ್ತರರೂ ಅಷ್ಟೇ ಹುಡುಕಿಕೊಂಡು ಬರಲಿ. ಬೇಲಿಯ ಆಚೆ ಕೂಗುವವರ ಬಾಯಿ ಮುಚ್ಚಿಸುವುದು ಕ್ರೀಡಾಕೂಟ ನಡೆಸುವವರ ಕೆಲಸ. ಮಕ್ಕಳು ಗೆದ್ದು ತೋರಿಸಿ ಅದನ್ನು ಮುಚ್ಚಿಸಬೇಕೆಂದು ಹೇಳುವುದು ಅನ್ಯಾಯ.

ಆ ಕ್ರೀಡಾಕೂಟದ ಸಂಜೆ ಟೆಂಪೋದಲ್ಲಿ ವಾಪಸು ಬರುವಾಗ ನಾನು ಡ್ರೈವರನ ಪಕ್ಕ ಕೂತಿದ್ದೆ. ಜಗಳಾಡಿದ್ದನ್ನು ಅವನಿಗೆ ವಿವರಿಸುತ್ತಿದ್ದೆ. ಹಿಂದೆ ಮಕ್ಕಳು ಅಂತ್ಯಾಕ್ಷರಿ ಆಡಿ ಸುಸ್ತಾಗಿ ಸುಮ್ಮನಾಗಿದ್ದರು. ಆಗ ಆ ಹುಡುಗಿಯ ದನಿ ಕೇಳಿಸಿತು. ಪಕ್ಕದ ಗೆಳತಿಗೆ ಪದ್ಯ ಹೇಳುತ್ತಿದ್ದಳು, ಅವಳು ಕಂಠಪಾಠಕ್ಕೆಂದು ಸಿದ್ಧಮಾಡಿಕೊಂಡದ್ದು. ನಮ್ಮ ಪಠ್ಯದ ಪದ್ಯ, ನಾನೇ ಕಲಿಸಿದ್ದು. ಒಂಬತ್ತು ನುಡಿ. ಘಟ್ಟದ ತಿರುವುಗಳಲ್ಲಿ ಟೆಂಪೋ ಆಚೆ ಈಚೆ ವಾಲುತ್ತಿದ್ದರೂ ಒಂದು ಕಡೆಯೂ ತಡವರಿಸಲಿಲ್ಲ. ಎಲ್ಲಿ ಉಸಿರು ತೆಗೆದುಕೊಳ್ಳಬೇಕೋ ಅಲ್ಲೇ ತೆಗೆದುಕೊಂಡಳು. ಡ್ರೈವರು "ಯಾರ್ರೀ ಅದು?" ಎಂದು ಕೇಳಿದ. ನಾನು ಹೆಸರು ಹೇಳಿದೆ. ನನ್ನ ಅಂಗಿಯ ಜೇಬಿನಲ್ಲಿ ಮಡಿಸಿದ ಪಟ್ಟಿಯಲ್ಲಿ, 400 ಮೀಟರಿನ ಎದುರು, ಆ ಹೆಸರು ನನ್ನ ಕೈಬರಹದಲ್ಲೇ ಇತ್ತು.